ಗ್ರಹಕೂಟ ಮತ್ತು ಕಾಲದ ಬಾಗಿಲು

2001ರಲ್ಲಿ ತೆರೆಕಂಡ ‘ಲಾರಾ ಕ್ರಾಫ್ಟ್: ಟೂಮ್ ರೈಡರ್’ ಚಿತ್ರ ನೋಡಿದವರಿಗೆ ಕಥೆ ನೆನಪಿರಬಹುದು. ಐದು ಸಾವಿರ ವರ್ಷಕ್ಕೊಮ್ಮೆ ಗ್ರಹಗಳೆಲ್ಲ ಒಂದೇ ಸಾಲಿಗೆ ಬಂದು ನಿಲ್ಲುತ್ತವೆ. ಆ ಗಳಿಗೆಯಲ್ಲಿ ಪುರಾತನ ತ್ರಿಕೋನವೊಂದರ ಎರಡು ತುಂಡುಗಳನ್ನು ಜೋಡಿಸಿದವನಿಗೆ ಕಾಲವೇ ಕೈವಶ. ನಾಯಕಿ ಲಾರಾ ಕಾಂಬೋಡಿಯದ ಪಾಳುಗುಡಿಯಿಂದ ಸೈಬೀರಿಯದ ಹಿಮದವರೆಗೆ ಅಲೆದು, ಕೊನೆಗೆ ಕಾಲದ ಗೆರೆ ದಾಟಿ, ತೀರಿಹೋದ ತಂದೆಯೊಡನೆ ನಾಲ್ಕು ಮಾತಾಡಿ ಬರುತ್ತಾಳೆ.

ಗ್ರಹಕೂಟಕ್ಕೂ ಕಾಲಕ್ಕೂ ಗಂಟು ಹಾಕುವ ಈ ಕಲ್ಪನೆ ಹಾಲಿವುಡ್ಡಿನದೇ ಸ್ವಂತದ್ದೇನಲ್ಲ. ನಮ್ಮ ಜ್ಯೋತಿಷ ಸಿದ್ಧಾಂತಗಳ ಲೆಕ್ಕದಲ್ಲಿ ಕ್ರಿ.ಪೂ. 3102ರ ಫೆಬ್ರುವರಿಯಲ್ಲಿ ಗ್ರಹಗಳೆಲ್ಲ ಮೇಷದ ಆದಿಯಲ್ಲಿ ಒಟ್ಟಾದವು. ದ್ವಾಪರ ಮುಗಿದು ಕಲಿ ಕಾಲಿಟ್ಟಿತು. ತನಗೆ 23 ವರ್ಷ ತುಂಬುವಾಗ ಕಲಿಯ 3600 ವರ್ಷಗಳು ಸಂದಿದ್ದವೆಂದು ಆರ್ಯಭಟ ಹೇಳಿಕೊಂಡಿದ್ದಾನೆ. ಅದು ಕ್ರಿ.ಶ. 499. ಆದರೆ ಈಗಿನ ಗಣನೆಯಂತೆ 3102ರ ಆ ದಿನ ಗ್ರಹಗಳು ಸರಿಯಾಗಿ ಒಂದೆಡೆ ಇರಲಿಲ್ಲ. ಅದು ಯಾರೋ ಆಕಾಶ ನೋಡಿ ಬರೆದಿಟ್ಟ ದಿನವಲ್ಲ, ಗ್ರಹಗಳ ಸರಾಸರಿ ಗತಿ ಹಿಡಿದು ಹಿಂದಕ್ಕೆ ಎಣಿಸುತ್ತ ಹೋಗಿ ಮುಟ್ಟಿದ ದಿನ ಎಂಬುದು ಬಹುಪಾಲು ವಿದ್ವಾಂಸರ ಮತ.

ಕಥೆ ಕಥೆಯಾಗಿಯೇ ಉಳಿದರೆ ತೊಂದರೆಯಿಲ್ಲ. 1962ರ ಫೆಬ್ರುವರಿ ಮೊದಲ ವಾರದಲ್ಲಿ ಹಾಗಾಗಲಿಲ್ಲ. ರವಿ, ಚಂದ್ರ, ಕುಜ, ಬುಧ, ಗುರು, ಶುಕ್ರ, ಶನಿಗಳ ಜೊತೆಗೆ ಕೇತುವೂ ಮಕರ ರಾಶಿಯಲ್ಲಿ ಸೇರಿ ‘ಅಷ್ಟಗ್ರಹ ಕೂಟ’ವಾಯಿತು. ಸಾಲದೆಂಬಂತೆ 5ರಂದು ಸೂರ್ಯಗ್ರಹಣ ಬೇರೆ. ಪ್ರಳಯವೇ ಆಗಿಬಿಡುತ್ತದೆಂದು ದೇಶದ ತುಂಬ ಹೋಮ, ಜಪ, ಅಖಂಡ ಭಜನೆಗಳು ನಡೆದವು. ಆಗ ಶಾಲೆಗೆ ಹೋಗುತ್ತಿದ್ದವರು ಈಗ ಎಪ್ಪತ್ತರ ಆಚೀಚೆ ಇದ್ದಾರೆ. ಕೇಳಿ ನೋಡಿ, ಹೇಳುತ್ತಾರೆ. ಪ್ರಳಯವಾಗಲಿಲ್ಲ. ಅಕ್ಟೋಬರಿನಲ್ಲಿ ಚೀನಾ ಯುದ್ಧ ಬಂದಾಗ ಅದನ್ನೂ ಅಷ್ಟಗ್ರಹದ ಖಾತೆಗೇ ಜಮಾ ಮಾಡಿದವರಿದ್ದರು.

ಅಸಲಿಗೆ ಗ್ರಹಗಳು ನೂಲು ಹಿಡಿದಂತೆ ಸಾಲಾಗುವುದೇ ಇಲ್ಲ. ಅವುಗಳ ಕಕ್ಷೆಗಳು ಒಂದೇ ತಟ್ಟೆಯಲ್ಲಿಲ್ಲ. ಬುಧನದು ನಮ್ಮದಕ್ಕಿಂತ 7 ಡಿಗ್ರಿ ವಾರೆ. ಭೂಮಿಯಿಂದ ನೋಡುವಾಗ ಒಂದೇ ದಿಕ್ಕಿನಲ್ಲಿ ಕಂಡರೂ ನಡುವೆ ಕೋಟಿ ಕೋಟಿ ಕಿಲೋಮೀಟರುಗಳ ಅಂತರ. ಇನ್ನು ಸೆಳೆತದ ಮಾತು: ಚಂದ್ರ ನಮ್ಮ ಕಡಲನ್ನು ಉಬ್ಬಿಸುವ ಬಲದ ಹತ್ತು ಸಾವಿರದಲ್ಲೊಂದು ಪಾಲೂ ಎಲ್ಲ ಗ್ರಹಗಳು ಕೂಡಿದರೂ ಆಗದು.

ಹಾಗಿದ್ದೂ ಒಂದು ಗ್ರಹಕೂಟ ನಿಜವಾಗಿ ದಾರಿ ತೆರೆದದ್ದುಂಟು. 1965ರಲ್ಲಿ ಕ್ಯಾಲಿಫೋರ್ನಿಯದ ಜೆಟ್ ಪ್ರೊಪಲ್ಷನ್ ಲ್ಯಾಬೊರೇಟರಿಯಲ್ಲಿ ಗ್ಯಾರಿ ಫ್ಲಾಂಡ್ರೊ ಎಂಬ ವಿದ್ಯಾರ್ಥಿ ಲೆಕ್ಕ ಹಾಕುತ್ತಿದ್ದಾಗ, ಗುರು, ಶನಿ, ಯುರೇನಸ್, ನೆಪ್ಚೂನ್ ನಾಲ್ಕೂ 1970ರ ದಶಕದ ಕೊನೆಗೆ ಸೂರ್ಯನ ಒಂದೇ ಪಕ್ಕಕ್ಕೆ ಬರುವುದು ಕಂಡಿತು. ಇಂಥ ಯೋಗ ಸುಮಾರು 175 ವರ್ಷಕ್ಕೊಮ್ಮೆ ಮಾತ್ರ. ತಪ್ಪಿದರೆ 22ನೇ ಶತಮಾನದ ನಡುವಿನವರೆಗೆ ಕಾಯಬೇಕು. ಓಡುವ ಬಂಡಿಯ ಹಿಂಬದಿಗೆ ಜೋತುಬಿದ್ದ ಹುಡುಗನಿಗೆ ಬಂಡಿಯ ವೇಗ ಬರುವಂತೆ, ಗ್ರಹದ ಬಳಿ ಹಾಯುವ ನೌಕೆಗೆ ಆ ಗ್ರಹದ ಓಟದಲ್ಲಿ ಒಂದು ಪಾಲು ಸಿಗುತ್ತದೆ. ಇಂಧನದ ಖರ್ಚಿಲ್ಲ.

1977ರ ಆಗಸ್ಟ್ 20ರಂದು ಹೊರಟ ವಾಯೇಜರ್-2 ಹೀಗೆ ಒಂದು ಗ್ರಹದಿಂದ ಇನ್ನೊಂದಕ್ಕೆ ಜಿಗಿಯುತ್ತ 1989ರ ಆಗಸ್ಟ್‌ನಲ್ಲಿ ನೆಪ್ಚೂನ್ ಮುಟ್ಟಿತು. ನೇರ ಹೋಗಿದ್ದರೆ 30 ವರ್ಷ ಹಿಡಿಯಬೇಕಿದ್ದ ದಾರಿ 12ಕ್ಕೆ ಮುಗಿಯಿತು. ಗ್ರಹಕೂಟ ಕಾಲವನ್ನು ಇಷ್ಟರಮಟ್ಟಿಗೆ ಉಳಿಸಿಕೊಟ್ಟಿದೆ.

ಆ ನೌಕೆಯ ಮೈಗೆ ಚಿನ್ನದ ಲೇಪದ ಒಂದು ಧ್ವನಿಮುದ್ರಿಕೆ ಅಂಟಿಸಿದ್ದಾರೆ. ಅದರಲ್ಲಿ 55 ಭಾಷೆಗಳ ಶುಭಾಶಯಗಳಿವೆ. ಕನ್ನಡವೂ ಅವುಗಳಲ್ಲಿ ಒಂದು. ಇನ್ನು ಸುಮಾರು 40 ಸಾವಿರ ವರ್ಷಗಳ ಮೇಲೆ ನೌಕೆ ರಾಸ್ 248 ಎಂಬ ನಕ್ಷತ್ರದಿಂದ 1.7 ಜ್ಯೋತಿರ್ವರ್ಷ ದೂರದಲ್ಲಿ ಹಾದುಹೋಗಲಿದೆ.