ಗ್ಯಾರೇಜಿನ ರಿಮೋಟ್ ಮೊಂಡು ಹಿಡಿದಾಗ

ಬೀದಿ ತಿರುವಿನಿಂದ ಒತ್ತಿದರೂ ಏಳುತ್ತಿದ್ದ ಶಟರ್ ಈಗ ಕಾರನ್ನು ಅದರ ಮುಂದೆಯೇ ತಂದು ನಿಲ್ಲಿಸಿದರೂ ಮೂರು ನಾಲ್ಕು ಸಲ ಒತ್ತಿಸಿಕೊಳ್ಳುತ್ತದೆ. ಹೆಚ್ಚಿನವರು ಕೂಡಲೇ ಹೊಸ ರಿಮೋಟ್ ಕೊಳ್ಳಲು ಹೊರಡುತ್ತಾರೆ. ಆದರೆ ರಿಮೋಟ್ ಮಾಡುವುದು ಅರ್ಧ ಕೆಲಸ ಮಾತ್ರ. ಅದು ಕಳಿಸಿದ ರೇಡಿಯೋ ಸಂಕೇತವನ್ನು ಮೋಟರಿನ ಬಳಿಯ ರಿಸೀವರ್ ಹಿಡಿಯಬೇಕು, ನಡುವೆ ಅಡ್ಡಿಯೂ ಇರಬಾರದು. ತಪ್ಪು ಈ ಮೂರರಲ್ಲಿ ಯಾವ ಕಡೆಯದೆಂದು ಗೊತ್ತಾದ ಮೇಲೆ ದುಡ್ಡು ಬಿಚ್ಚಿದರಾಯಿತು.

ತಪ್ಪು ಯಾರದು?

ಗೋಡೆಯ ಸ್ವಿಚ್ಚಿಗೂ ಬಾಗಿಲು ಅಲುಗದಿದ್ದರೆ ರಿಮೋಟನ್ನು ಬೈದು ಫಲವಿಲ್ಲ. ಕರೆಂಟು, ಮೋಟರು ನೋಡಿಸಬೇಕು. ಇಳಿಯುತ್ತಿದ್ದ ಬಾಗಿಲು ನಡುವೆ ನಿಂತು ಮೇಲೇರಿದರೆ ರಿಮೋಟಿನ ಸಂಕೇತ ತಲುಪಿದೆ ಎಂದೇ ಅರ್ಥ. ಆಗ ಕೆಳಗಡೆ ಕೂರಿಸಿರುವ ಸುರಕ್ಷತಾ ಸೆನ್ಸರಿನ ಮೇಲಿನ ದೂಳು, ಜೇಡರ ಬಲೆ ಒರೆಸಿ ನೋಡಿ.

ಸ್ವಿಚ್ಚಿಗೆ ಸರಿಯಾಗಿ ಓಡಿ ರಿಮೋಟಿಗೆ ಮಾತ್ರ ಸತಾಯಿಸಿದರೆ ಮನೆಯ ಎರಡನೇ ರಿಮೋಟ್ ಒತ್ತಿ. ಅದು ಚೆನ್ನಾಗಿ ಕೆಲಸ ಮಾಡಿದರೆ ದೋಷ ಮೊದಲನೆಯದರಲ್ಲಿದೆ. ಎರಡೂ ಒಟ್ಟಿಗೆ ಸೋತಿದ್ದರೆ ರಿಸೀವರ್ ಕಡೆ ನೋಡಬೇಕು.

ರಿಮೋಟಿನ ಒಳಗೆ

ರಿಮೋಟಿನ ಕೆಂಪು ಲೈಟು ಹತ್ತಿತೆಂದು ಸೆಲ್ ಚೆನ್ನಾಗಿದೆ ಎನ್ನುವಂತಿಲ್ಲ. ಲೈಟಿಗೆ ಬೇಕಾದ ವಿದ್ಯುತ್ತು ತೀರ ಕಡಿಮೆ. ಸಂಕೇತ ದೂರ ಹೋಗಲು ಅದು ಸಾಲದು. ಒಳಗೆ ಸಾಮಾನ್ಯವಾಗಿ 3 ವೋಲ್ಟಿನ ಸಿಆರ್ 2032 ಬಟನ್ ಸೆಲ್ಲೋ 12 ವೋಲ್ಟಿನ ಪುಟ್ಟ 23ಎ ಅಥವಾ 27ಎ ಸೆಲ್ಲೋ ಇರುತ್ತದೆ. 23ಎ, 27ಎ ಗಾತ್ರದಲ್ಲಿ ಬೇರೆ ಬೇರೆ, ಹಳೆಯದನ್ನು ಅಂಗಡಿಗೆ ಒಯ್ಯಿರಿ. ತೆಗೆದ ಬಟನ್ ಸೆಲ್ ಮಕ್ಕಳ ಕೈಗೆ ಸಿಗದಿರಲಿ; ನುಂಗಿದರೆ ಕೆಲವೇ ಗಂಟೆಗಳಲ್ಲಿ ಅನ್ನನಾಳವನ್ನು ಸುಡುತ್ತದೆ.

ಒಂದು ಗುಂಡಿ ಕೆಲಸ ಮಾಡಿ ಇನ್ನೊಂದು ಮಾಡದಿದ್ದರೆ ಸೆಲ್ಲಿನದಲ್ಲ, ಗುಂಡಿಯ ಕೊಳೆ ಅಥವಾ ಸವೆತ. ಹತ್ತಿಗೆ ಐಸೋಪ್ರೊಪೈಲ್ ಆಲ್ಕೋಹಾಲ್ ಹಚ್ಚಿ ಒರೆಸಿ, ಒಣಗಿದ ಮೇಲೆ ಮುಚ್ಚಿ. ಮಳೆಗಾಲದಲ್ಲಿ ಸೆಲ್ ತಾಗುವ ತಗಡಿಗೆ ತುಕ್ಕು ಹಿಡಿದಿದ್ದರೆ ಪೆನ್ಸಿಲ್ ರಬ್ಬರಿನಿಂದ ಉಜ್ಜಬಹುದು.

ಮೊದಲ ಸಲ ಒತ್ತಿದಾಗ ಸುಮ್ಮನಿದ್ದು ಎರಡನೇ ಸಲಕ್ಕೆ ಏಳುವುದು ಕೆಲವೊಮ್ಮೆ ಕೆಟ್ಟದ್ದರ ಲಕ್ಷಣವೇ ಅಲ್ಲ. ರೋಲಿಂಗ್ ಕೋಡ್ ರಿಮೋಟುಗಳು ಕಳ್ಳರು ನಕಲು ಮಾಡದಿರಲೆಂದು ಪ್ರತಿ ಸಲವೂ ಹೊಸ ಸಂಕೇತ ಕಳಿಸುತ್ತವೆ. ಮಕ್ಕಳು ಮನೆಯೊಳಗೆ ಕುಳಿತು ಒತ್ತುತ್ತಾ ಆಡಿದರೆ ರಿಮೋಟಿನ ಲೆಕ್ಕ ಮುಂದೆ ಹೋಗಿಬಿಡುತ್ತದೆ. ಹಲವೆಡೆ ಬಳಕೆಯಲ್ಲಿರುವ ಕೀಲಾಕ್ ಪದ್ಧತಿಯಲ್ಲಿ ಸಾಮಾನ್ಯವಾಗಿ 16 ಸಂಕೇತಗಳ ಅಂತರವನ್ನು ರಿಸೀವರ್ ಸಹಿಸುತ್ತದೆ. ಮೀರಿದರೆ ಬೆನ್ನುಬೆನ್ನಿಗೆ ಎರಡು ಸಲ ಒತ್ತಿಸಿಕೊಂಡು ಲೆಕ್ಕ ಸರಿಪಡಿಸಿಕೊಳ್ಳುತ್ತದೆ.

ರಿಸೀವರ್ ಮತ್ತು ಸುತ್ತಲಿನ ಗದ್ದಲ

ಹತ್ತಿರದಿಂದ ಸರಿ, ದೂರದಿಂದ ಇಲ್ಲ ಎಂದಾದರೆ ಆಂಟೆನಾ ನೋಡಿ. ರಿಸೀವರಿನಿಂದ ಇಳಿಬಿದ್ದ ಆ ತೆಳು ವೈರನ್ನು ಅಂದಕ್ಕೆಂದು ಸುತ್ತಿಡುವುದು, ತುದಿ ಕತ್ತರಿಸುವುದು, ಕಬ್ಬಿಣದ ಪೆಟ್ಟಿಗೆಯೊಳಗೆ ತುರುಕುವುದು ಮೂರೂ ತಪ್ಪು. ನಮ್ಮಲ್ಲಿ ಸಿಗುವ ಬಹಳಷ್ಟು ಶಟರ್, ಗೇಟ್ ರಿಮೋಟುಗಳು 433.92 ಮೆಗಾಹರ್ಟ್ಸ್‌ನವು. ಆ ಅಲೆಯ ಉದ್ದ ಸುಮಾರು 69 ಸೆಂ.ಮೀ.; ಅದರ ಕಾಲುಭಾಗ, ಅಂದರೆ 17 ಸೆಂ.ಮೀ.ನಷ್ಟು ವೈರು ನೆಟ್ಟಗಿದ್ದರೆ ಸಂಕೇತ ಚೆನ್ನಾಗಿ ಸಿಗುತ್ತದೆ.

ಆಂಟೆನಾ ಸರಿಯಿದ್ದರೂ ಸುತ್ತ ವಿದ್ಯುತ್ ಗದ್ದಲವಿದ್ದರೆ, ಜಾತ್ರೆಯ ನಡುವೆ ಪಿಸುಗುಟ್ಟಿದಂತೆ, ಸಂಕೇತ ಮುಳುಗಿಹೋಗುತ್ತದೆ. ಅಗ್ಗದ ಎಲ್‌ಇಡಿ ಬಲ್ಬು, ಸಿಸಿಟಿವಿಯ ಅಡಾಪ್ಟರ್ ಇಂಥ ಗದ್ದಲ ಎಬ್ಬಿಸುತ್ತವೆ. ಒಂದೊಂದಾಗಿ ಆರಿಸಿ ಪ್ರತಿ ಸಲವೂ ಒಂದೇ ಜಾಗದಿಂದ ರಿಮೋಟ್ ಒತ್ತಿ ನೋಡಿದರೆ ಯಾವುದರ ಕಾಟವೆಂದು ತಿಳಿಯುತ್ತದೆ.

ಅಡ್ಡಿ ಮನೆಯ ಹೊರಗಿನದೂ ಇರಬಹುದು. 2004ರಲ್ಲಿ ಅಮೆರಿಕದ ಫ್ಲಾರಿಡಾದಲ್ಲಿ ಎಗ್ಲಿನ್ ವಾಯುನೆಲೆಯ ಸುತ್ತಲ ಮನೆಗಳ ಗ್ಯಾರೇಜ್ ರಿಮೋಟುಗಳು ಕೈಕೊಟ್ಟವು. ಅಲ್ಲಿ ಹಲವು ರಿಮೋಟುಗಳು ಬಳಸುತ್ತಿದ್ದ 390 ಮೆಗಾಹರ್ಟ್ಸ್, ಸೇನೆ ಪರೀಕ್ಷಿಸುತ್ತಿದ್ದ ಹೊಸ ರೇಡಿಯೋಗಳ 380ರಿಂದ 399.9ರ ವ್ಯಾಪ್ತಿಯೊಳಗಿತ್ತು.

ಕೊನೆಗೂ ಕೊಳ್ಳುವುದಾದರೆ

ಅದಕ್ಕೆ ಮುನ್ನ ಕೈಪಿಡಿ ನೋಡಿ ರಿಸೀವರಿನ ಲರ್ನ್ ಬಟನ್ ಒತ್ತಿ, ರಿಮೋಟನ್ನು ಮತ್ತೆ ಜೋಡಿಸಿ ನೋಡಿ. ಆ ಬಟನ್ನನ್ನು ತುಂಬ ಹೊತ್ತು ಅದುಮಿದರೆ ಅನೇಕ ರಿಸೀವರುಗಳಲ್ಲಿ ಎಲ್ಲ ರಿಮೋಟುಗಳ ನೆನಪೂ ಅಳಿಸಿಹೋಗುತ್ತದೆ. ರಿಮೋಟ್ ಕಳೆದುಹೋದಾಗಲೋ ಹಳೆಯ ಮನೆ ಕೊಂಡಾಗಲೋ ಅದು ಬೇಕಾದ ಕೆಲಸವೇ. ಬೇರೆ ಸಮಯದಲ್ಲಿ ತಲೆನೋವು.

ಹೊಸ ರಿಮೋಟಿನ ಮೆಗಾಹರ್ಟ್ಸ್ ಹೊಂದಿದರೆ ಸಾಲದು, ಕೋಡಿನ ಬಗೆಯೂ ಒಂದೇ ಇರಬೇಕು. ಒಂದರ ಎದುರು ಇನ್ನೊಂದನ್ನು ಹಿಡಿದು ನಕಲು ಮಾಡಿಕೊಳ್ಳುವ ಅಗ್ಗದ ರಿಮೋಟು ಬದಲಾಗದ ಕೋಡಿಗಷ್ಟೇ ಸರಿ. ರಿಸೀವರೇ ಸೋತಿದ್ದರೂ ಇಡೀ ಮೋಟರ್ ಬದಲಿಸಿ ಎನ್ನುವವರ ಮಾತಿಗೆ ಮರುಳಾಗಬೇಡಿ: ಗೋಡೆಯ ಸ್ವಿಚ್ಚು ಸರಿಯಿದ್ದರೆ, ಬಹುಪಾಲು ಮೋಟರುಗಳಿಗೆ ಹೊರಗಿನಿಂದ ಬೇರೆ ರಿಸೀವರನ್ನು ಜೋಡಿಸಲು ಬರುತ್ತದೆ.