ಬಂಡಿಯ ಕೆಳಗೂ ಬಂಡಿಯ ಮುಂದೂ

ನಾನು ಹುಡುಗನಾಗಿದ್ದ ಕಾಲದಲ್ಲಿ, ವೈಶಾಖದ ಮಧ್ಯಾಹ್ನ ಕಲ್ಯಾಣದುರ್ಗದ ಸೀಮೆಯ ಹಾದಿ ಹಿಡಿದು ನಡೆದವರ ಕಣ್ಣಿಗೆ ತಪ್ಪದೆ ಬೀಳುತ್ತಿದ್ದ ದೃಶ್ಯವೊಂದುಂಟು: ಕಡಲೆಕಾಯಿ ಕಿತ್ತು ಬರಿದಾದ ಕೆಮ್ಮಣ್ಣಿನ ಹೊಲಗಳು, ಅವುಗಳ ಮೇಲೆ ನಡುಗುವ ಬಿಸಿಲ್ಗುದುರೆ, ನಡುವೆ ನಿಧಾನವಾಗಿ ಸಾಗುವ ಎತ್ತಿನ ಬಂಡಿ, ಆ ಬಂಡಿಯ ಅಚ್ಚಿನ ಕೆಳಗೆ ನಾಲಗೆ ಹೊರಚಾಚಿ, ಎತ್ತಿನ ಹೆಜ್ಜೆಗೆ ತನ್ನ ಹೆಜ್ಜೆಯನ್ನು ಹೊಂದಿಸಿಕೊಂಡು ಬರುವ ಒಂದು ನಾಯಿ. ಗಾಡಿಯ ಕೆಳಗೆ ನಡೆಯುವ ನಾಯಿ ಗಾಡಿಯನ್ನು ತಾನೇ ಎಳೆಯುತ್ತಿರುವೆನೆಂದು ತಿಳಿದುಕೊಂಡಿತಂತೆ ಎಂಬ ಮಾತನ್ನು ನಮ್ಮ ಹಿರಿಯರು, ಅನ್ಯರ ದುಡಿಮೆಯ ಕೀರ್ತಿಯನ್ನು ತನ್ನದೆಂದುಕೊಳ್ಳುವವನ ವಿಷಯದಲ್ಲಿ ಆಡುತ್ತಿದ್ದರು. ಅರುವತ್ತು ವರ್ಷ ಈ ಮಾತನ್ನು ಕೇಳಿಕೊಂಡೇ ಬಂದ ನನಗೆ, ಹೋದ ವರ್ಷದ ಬೇಸಗೆಯಲ್ಲಿ, ಅಮೆರಿಕದಲ್ಲಿ ನೆಲಸಿರುವ ನನ್ನ ತಂಗಿಯ ಮಗ ಅಲಾಸ್ಕದ ಪ್ರವಾಸದಿಂದ ದೂರವಾಣಿಯಲ್ಲಿ ಮಾತನಾಡುತ್ತ, "ಮಾವ, ನಮ್ಮ ಕಡೆ ಗಾಡಿ ಕೆಳಗಿನ ನಾಯಿ ಅಂತಾರಲ್ಲ, ಇಲ್ಲಿ ನಾಯಿ ನಿಜವಾಗ್ಲೂ ಗಾಡಿ ಎಳೀತೈತೆ, ಕಣ್ಣಾರೆ ನೋಡ್ದೆ" ಎಂದನು.

ಅವನು ನೋಡಿದ್ದು ದೆನಾಲಿ ರಾಷ್ಟ್ರೀಯ ಉದ್ಯಾನದ ನಾಯಿಮನೆಯನ್ನು. ಚಳಿಗಾಲದಲ್ಲಿ ಯಂತ್ರವಾಹನ ಪ್ರವೇಶಿಸಬಾರದ ಅರಣ್ಯಭಾಗಗಳಲ್ಲಿ ಸಾಮಾನು ಹೊರಲು, ಪಹರೆ ತಿರುಗಲು ಅಲ್ಲಿ 1922ರಿಂದ ನಾಯಿಗಳನ್ನು ಸಾಕಿಕೊಂಡು ಬಂದಿದ್ದಾರೆ. ಬೇಸಗೆಯಲ್ಲಿ ಹಿಮ ಕರಗಿ ಜಾರುಬಂಡಿಗೆ ಕೆಲಸವಿಲ್ಲದಾಗ, ಬಂದ ಯಾತ್ರಿಕರ ಮುಂದೆ ಅವೇ ನಾಯಿಗಳನ್ನು ಗಾಲಿಯ ಬಂಡಿಯೊಂದಕ್ಕೆ ಹೂಡಿ, ಜಲ್ಲಿಹಾದಿಯಲ್ಲಿ ಒಂದು ಸುತ್ತು ಓಡಿಸಿ ತೋರಿಸುತ್ತಾರೆ. ಹೂಡುವ ಪಟ್ಟಿಯನ್ನು ಕೈಗೆತ್ತಿಕೊಂಡದ್ದನ್ನು ಕಂಡೊಡನೆಯೇ ಎಲ್ಲ ನಾಯಿಗಳೂ ತಮ್ಮನ್ನೇ ಹೂಡಬೇಕೆಂದು ಎಗರಿ ಊಳಿಟ್ಟ ಬಗೆಯನ್ನು ಅವನು ವರ್ಣಿಸಿದನು. ಒಂದು ಸುತ್ತು ಮುಗಿದುದೇ ತಡ ಅವು ನೀರಿನ ಪಾತ್ರೆಗೆ ಮುಗಿಬಿದ್ದುದನ್ನೂ ಹೇಳಿದನು. ನನ್ನ ಮನಸ್ಸು ನಿಂತುದು ಈ ಎರಡನೆಯ ಮಾತಿನ ಮೇಲೆ. ನೂರಾರು ಮೈಲಿ ಓಡಬಲ್ಲ ಪ್ರಾಣಿಗೆ, ನಮ್ಮ ಹಿಂದೂಪುರದ ಮಾಗಿಯ ಮುಂಜಾವಿನಷ್ಟು ತಂಪಾದ ಆ ಬೇಸಗೆಯಲ್ಲಿ ಒಂದು ಸುತ್ತಿಗೇ ಸೆಕೆಯಾದುದೇಕೆ?

ಆ ನಾಯಿಗಳ ಓಟದ ಶಕ್ತಿಯ ವಿಷಯದಲ್ಲಿ ಸಂಶಯಕ್ಕೆ ಎಡೆಯಿಲ್ಲ. 1925ರ ಜನವರಿಯಲ್ಲಿ ಅಲಾಸ್ಕದ ನೋಮ್ ಪಟ್ಟಣದ ಮಕ್ಕಳನ್ನು ಗಂಟಲಮಾರಿ ಹಿಡಿದಾಗ, ರೈಲುದಾರಿಯ ಮೇಲಿನ ನೆನಾನಾದಿಂದ 674 ಮೈಲಿಗಳ ಹಿಮದ ಹಾದಿಯಲ್ಲಿ ಔಷಧಿಯ ಪೆಟ್ಟಿಗೆಯನ್ನು ಕೈಯಿಂದ ಕೈಗೆ ದಾಟಿಸಿ ಸುಮಾರು ಐದೂವರೆ ದಿನಗಳಲ್ಲಿ ತಲುಪಿಸಿದವರು ಇಪ್ಪತ್ತು ಮಂದಿ ಸಾರಥಿಗಳು ಮತ್ತು ನೂರೈವತ್ತರಷ್ಟು ನಾಯಿಗಳು. ಕೊನೆಯ ಹಂತವನ್ನು ನಡೆಸಿದ ಬಾಲ್ಟೋ ಎಂಬ ನಾಯಿಯ ಪ್ರತಿಮೆ ಅದೇ ವರ್ಷ ನ್ಯೂಯಾರ್ಕಿನ ಉದ್ಯಾನದಲ್ಲಿ ನಿಂತಿತು. ಎಲ್ಲಕ್ಕಿಂತ ದೀರ್ಘವೂ ಕಠಿನವೂ ಆದ ಹಂತವನ್ನು ಸೆಪ್ಪಾಲನೆಂಬ ಸಾರಥಿಯೊಡನೆ ದಾಟಿಸಿದುದಾದರೋ ಟೋಗೋ ಎಂಬ ನಾಯಿ. ಈ ಕಸುಬು ಬಹು ಹಳೆಯದು. ಸೈಬೀರಿಯದ ಉತ್ತರಕ್ಕಿರುವ ಝೋಖೋವ್ ದ್ವೀಪದಲ್ಲಿ ಜಾರುಬಂಡಿಯ ಅವಶೇಷಗಳೊಡನೆ ದೊರೆತ ನಾಯಿಯ ಎಲುಬು ಸುಮಾರು 9,500 ವರ್ಷ ಹಿಂದಿನದೆಂದೂ, ಆ ನಾಯಿ ಇಂದಿನ ಹಿಮನಾಯಿಗಳ ಬಂಧುವೆಂದೂ 2020ರಲ್ಲಿ ಪ್ರಕಟವಾದ ವಂಶವಾಹಿಗಳ ಅಧ್ಯಯನ ತೋರಿಸಿತು.

ನಮ್ಮ ಎತ್ತು ಕೊರಳಿಗೆ ನೊಗ ಹೊತ್ತು ಎಳೆಯುತ್ತದೆ. ಹಿಮನಾಯಿ ಎಳೆಯುವುದು ಎದೆಯಿಂದ. ಎದೆಯ ಮೇಲೂ ಬೆನ್ನಿನ ಮೇಲೂ ಹಾದುಬರುವ ಮೆತ್ತನೆಯ ಪಟ್ಟಿ ಬಾಲದ ಬಳಿ ಹಗ್ಗಕ್ಕೆ ಸೇರುತ್ತದಾದ್ದರಿಂದ ಉಸಿರುಕೊಳವೆಯ ಮೇಲೆ ಭಾರ ಬೀಳುವುದಿಲ್ಲ. ಕಡಿವಾಣವಿಲ್ಲ, ಮೂಗುದಾರವಿಲ್ಲ; ಬಲಕ್ಕೆ 'ಜೀ', ಎಡಕ್ಕೆ 'ಹಾ' ಎಂಬ ಕೂಗನ್ನು ಮುಂದಿನ ನಾಯಿ ಕೇಳಿ ತಿರುಗಿದರೆ ಹಿಂದಿನವೆಲ್ಲ ಅದನ್ನು ಅನುಸರಿಸುತ್ತವೆ. ದೀರ್ಘ ಪಂದ್ಯದ ದಿನಗಳಲ್ಲಿ ಇಂತಹ ಒಂದು ನಾಯಿಗೆ ದಿನಕ್ಕೆ ಸುಮಾರು 10,000 ಕಿಲೋಕ್ಯಾಲೊರಿ ಆಹಾರ ಬೇಕು, ಅದರಲ್ಲಿಯೂ ಕೊಬ್ಬೇ ಹೆಚ್ಚು. ಗೇಯುವ ರೈತನೊಬ್ಬ ಮೂರು ದಿನ ಉಣ್ಣುವುದನ್ನು ಈ ಇಪ್ಪತ್ತು ಇಪ್ಪತ್ತೈದು ಕಿಲೋ ತೂಕದ ದೇಹ ಒಂದೇ ದಿನದಲ್ಲಿ ಉರಿಸಿಬಿಡುತ್ತದೆ.

'ಉರಿಸುತ್ತದೆ' ಎಂದೆನಲ್ಲ, ಮರ್ಮವಿರುವುದು ಅಲ್ಲಿಯೇ. ಸ್ನಾಯುವು ತನಗೆ ದೊರೆತ ಶಕ್ತಿಯಲ್ಲಿ ಕಾಲುಭಾಗದಷ್ಟನ್ನು ಮಾತ್ರ ಚಲನೆಯಾಗಿ ಮಾರ್ಪಡಿಸಬಲ್ಲದು. ಉಳಿದ ಮುಕ್ಕಾಲು ಭಾಗವೂ ಶಾಖವಾಗಿ ಮೈಯಲ್ಲಿಯೇ ಸೇರುತ್ತದೆ. ಓಡುವ ನಾಯಿ, ಹೀಗಾಗಿ, ನಡೆದಾಡುವ ಒಂದು ಒಲೆ. ವಿಶ್ರಾಂತಿಯಲ್ಲಿ 38ರಿಂದ 39 ಡಿಗ್ರಿ ಇರುವ ಅದರ ಮೈಶಾಖ ಬಿರುಸಾದ ಓಟದ ಕೊನೆಯಲ್ಲಿ 41ನ್ನು ಮುಟ್ಟುವುದುಂಟು. ಅಲ್ಲಿಂದ ಇನ್ನೆರಡು ಡಿಗ್ರಿ ಏರಿದರೆ ಪ್ರಾಣಕ್ಕೇ ಅಪಾಯ. ನಾಯಿಯ ಓಟಕ್ಕೆ ಎಲ್ಲೆ ಹಾಕುವುದು ಬಹುಮಟ್ಟಿಗೆ ಈ ಶಾಖವೇ. ಜಾರುಬಂಡಿಯ ನಾಯಿಗಳು ಗಾತ್ರದಲ್ಲಿ ಇಷ್ಟು ಚಿಕ್ಕವಾಗಿರುವುದಕ್ಕೂ ಇದೇ ಕಾರಣ: ದೇಹ ದೊಡ್ಡದಾದಷ್ಟೂ ಶಾಖವನ್ನು ಹುಟ್ಟಿಸುವ ಒಡಲು ಬೆಳೆದಷ್ಟು ವೇಗವಾಗಿ ಅದನ್ನು ಹೊರಚೆಲ್ಲುವ ಮೈಹೊದಿಕೆ ಬೆಳೆಯುವುದಿಲ್ಲ.

ಹಿಮನಾಯಿಯನ್ನು ನೋಡಲು ಅಲಾಸ್ಕಕ್ಕೆ ಹೋಗುವ ವಯಸ್ಸು ನನಗೆ ಮೀರಿತು. ಆದರೆ ಓಡುವುದಕ್ಕೆಂದೇ ಹುಟ್ಟಿದ ನಾಯಿ ನಮ್ಮ ಕನ್ನಡ ನಾಡಿನಲ್ಲಿಯೂ ಉಂಟಲ್ಲವೆ? ಈ ಬೇಸಗೆಯಲ್ಲಿ ನಾನು ಕಲ್ಯಾಣದುರ್ಗ, ರಾಯದುರ್ಗ, ಬಳ್ಳಾರಿಗಳನ್ನು ದಾಟಿ, ಘಟಪ್ರಭೆಯ ಸೀಮೆಯ ಮುಧೋಳಕ್ಕೆ ಹೋದೆನು. ಕವಿ ರನ್ನನು ಹುಟ್ಟಿದ ಊರು ಅದು. ಅಲ್ಲಿಯ ಬೇಡರು ಬೇಟೆಗೆ ಸಾಕಿಕೊಂಡಿದ್ದ ತೆಳುಮೈಯ ನಾಯಿಗಳನ್ನು ಕಂಡು ಮೆಚ್ಚಿ, ಆರಿಸಿ ತಳಿ ಬೆಳೆಸಿದವನು ಮುಧೋಳ ಸಂಸ್ಥಾನದ ಅರಸ ಮಾಲೋಜಿರಾವ್ ಘೋರ್ಪಡೆ. ಅವನು ಐದನೆಯ ಜಾರ್ಜ್ ದೊರೆಗೆ ಒಂದು ಜೋಡಿಯನ್ನು ಕಾಣಿಕೆ ಕೊಟ್ಟಮೇಲೆ 'ಮುಧೋಳ' ಎಂಬ ಹೆಸರು ತಳಿಗೆ ನಿಂತಿತೆಂದು ಅಲ್ಲಿಯ ಜನ ಹೇಳುತ್ತಾರೆ. 2005ರಲ್ಲಿ ಭಾರತದ ಅಂಚೆಯ ಇಲಾಖೆ ನಾಲ್ಕು ದೇಶೀಯ ನಾಯಿತಳಿಗಳ ಅಂಚೆಚೀಟಿಗಳನ್ನು ಹೊರಡಿಸಿದಾಗ ಅವುಗಳಲ್ಲಿ ಇದೂ ಒಂದಾಗಿತ್ತು. ಬೀದರಿನ ಪಶುವೈದ್ಯಕೀಯ ವಿಶ್ವವಿದ್ಯಾಲಯ ಮುಧೋಳದ ಹತ್ತಿರದ ತಿಮ್ಮಾಪುರದಲ್ಲಿ ಈ ತಳಿಗಾಗಿಯೇ ಒಂದು ಸಂಶೋಧನ ಕೇಂದ್ರವನ್ನು ನಡೆಸುತ್ತಿದೆ. ನಾಯಿಯನ್ನು ಗೌರವಿಸುವುದು ಕನ್ನಡಿಗರಿಗೆ ಹೊಸತಲ್ಲ. ಹಂದಿಯೊಡನೆ ಹೋರಾಡಿ ಮಡಿದ 'ಕಾಳಿ' ಎಂಬ ನಾಯಿಗಾಗಿ ಹತ್ತನೆಯ ಶತಮಾನದಲ್ಲಿ ನಿಲ್ಲಿಸಿದ ಆತಕೂರಿನ ಕಲ್ಲು ಇಂದಿಗೂ ಬೆಂಗಳೂರಿನ ವಸ್ತುಸಂಗ್ರಹಾಲಯದಲ್ಲಿದೆ.

ನಾನು ಉಳಿದುಕೊಂಡಿದ್ದ ಮನೆಯ ರೈತರು ಐದಾರು ನಾಯಿಗಳನ್ನು ಸಾಕಿಕೊಂಡಿದ್ದರು. ಬೆಳ್ಳಿ ಮೂಡುವ ಹೊತ್ತಿಗೆ ಎಬ್ಬಿಸಿ ಹೊಲಕ್ಕೆ ಕರೆದೊಯ್ದು, "ಹೊತ್ತ ಏರಿದ ಮ್ಯಾಲ ಓಡಸಬಾರದ್ರೀ ಯಜಮಾನ್ರ, ನಾಯಿ ಒಳಗ ಸುಟ್ಟ ಹೋಗತೈತಿ" ಎಂದರು. ಪುಸ್ತಕಗಳಲ್ಲಿ ನಾನು ಓದಿದುದೆಲ್ಲ ಆ ಒಂದು ಮಾತಿನಲ್ಲಿ ಅಡಗಿತ್ತು. ಬಿಟ್ಟೊಡನೆ ಕಂದುಬಣ್ಣದ ಹೆಣ್ಣುನಾಯಿಯೊಂದು ಬಿಲ್ಲಿನಂತೆ ಬೆನ್ನನ್ನು ಬಗ್ಗಿಸಿ ಬಿಚ್ಚಿತು. ಹಿಂಗಾಲುಗಳು ಮುಂಗಾಲುಗಳನ್ನು ದಾಟಿ ಮುಂದೆ ಬೀಳುವಾಗ ಒಮ್ಮೆ, ಮೈ ನೀಳವಾಗಿ ಚಾಚಿದಾಗ ಇನ್ನೊಮ್ಮೆ, ಒಂದೇ ನೆಗೆತದಲ್ಲಿ ಎರಡು ಸಾರಿ ಅದರ ನಾಲ್ಕು ಕಾಲುಗಳೂ ನೆಲವನ್ನು ಬಿಟ್ಟಿರುತ್ತವೆ. ಹಿಮನಾಯಿ ಗಂಟೆಗಟ್ಟಲೆ ಒಂದೇ ಹದದ ಕುಕ್ಕುಲೋಟದಲ್ಲಿ ಸಾಗಿದರೆ, ಇದು ಕೆಲವೇ ನಿಮಿಷಗಳಲ್ಲಿ ತನ್ನ ಬಲವನ್ನೆಲ್ಲ ಸುರಿದುಬಿಡುತ್ತದೆ.

ಮರಳಿ ಬಂದು ನನ್ನ ಕಾಲಬಳಿ ಕುಳಿತ ಅದನ್ನು ಹತ್ತಿರದಿಂದ ನೋಡಿದೆನು. ತೂಕದಲ್ಲಿ ಅಲಾಸ್ಕದ ಬಂಧುವಿನಷ್ಟೇ ಇರಬಹುದು. ಆದರೆ ಆ ಮೈಯೇ ಬೇರೆ. ಕೂದಲು ಬೆರಳಿಗೆ ಸಿಕ್ಕದಷ್ಟು ಗಿಡ್ಡ. ಚರ್ಮ ಎಷ್ಟು ತೆಳುವೆಂದರೆ ತೊಡೆಯ ಮೇಲಿನ ನರಗಳು ಹಗ್ಗ ಹೊಸೆದಂತೆ ಕಾಣುತ್ತಿದ್ದುವು. ಎದೆ ಆಳ, ಹೊಟ್ಟೆ ಬೆನ್ನಿಗೆ ಅಂಟಿದಂತೆ, ಮೂತಿ ಉದ್ದ. ಕೈಗಡಿಯಾರ ಹಿಡಿದು ಅದರ ಉಸಿರನ್ನು ಎಣಿಸಲು ಹೊರಟೆನು. ಓಡುವ ಮುನ್ನ ನಿಮಿಷಕ್ಕೆ ಇಪ್ಪತ್ತಕ್ಕೆ ಮೀರದೆ ಇದ್ದುದು, ಈಗ ನನ್ನ ಎಣಿಕೆಗೇ ಸಿಕ್ಕಲಿಲ್ಲ. ಏದುವ ನಾಯಿಯ ಉಸಿರು ನಿಮಿಷಕ್ಕೆ ಮುನ್ನೂರರ ಆಸುಪಾಸಿನಲ್ಲಿರುತ್ತದೆ.

ಇಷ್ಟು ಬೇಗ ಉಸಿರಾಡುವ ಶ್ರಮವೇ ಇನ್ನಷ್ಟು ಶಾಖವನ್ನು ಹುಟ್ಟಿಸಲಾರದೆ ಎಂಬ ಪ್ರಶ್ನೆಗೆ ಉತ್ತರ ನನ್ನ ಕಣ್ಣೆದುರಿನ ಮರದಲ್ಲಿಯೇ ಇತ್ತು. ಆ ಸೀಮೆಯಲ್ಲಿ ನಾಗರಪಂಚಮಿಗೆ ಜೋಕಾಲಿ ಕಟ್ಟುವ ಬೇವಿನ ಮರ. ಜೋಕಾಲಿ ತನ್ನ ಲಯದಲ್ಲಿ ಮರಳಿ ಬಂದಾಗ ಬೆರಳಿನಿಂದ ನೂಕಿದರೂ ಸಾಕು, ಎತ್ತರಕ್ಕೇರುತ್ತದೆ. ಲಯ ತಪ್ಪಿಸಿ ನೂಕಿದರೆ ತೋಳು ಸೋಲುತ್ತದೆ. ನಾಯಿಯ ಎದೆಗೂಡಿಗೂ ಅಂತಹ ಸ್ವಂತ ಲಯವೊಂದುಂಟು. ನಾಯಿ ಏದುವುದು ಆ ಲಯದಲ್ಲಿಯೇ ಆದ್ದರಿಂದ ಅತ್ಯಲ್ಪ ಶ್ರಮದಿಂದ ಗಾಳಿ ಹೋಗಿಬರುತ್ತದೆ. ಗಾಳಿಯ ದಾರಿಯೂ ಸೋಜಿಗವಾದುದು. ಒಳಗೆ ಬರುವುದು ಹೆಚ್ಚಾಗಿ ಮೂಗಿನಿಂದ, ಹೊರಗೆ ಹೋಗುವುದು ಬಾಯಿಂದ ಎಂಬುದನ್ನು 1970ರಲ್ಲಿ ಶ್ಮಿಟ್-ನೀಲ್ಸನ್ ಮತ್ತು ಅವನ ಸಹೋದ್ಯೋಗಿಗಳು ತೋರಿಸಿದರು. ಮೂಗಿನೊಳಗಿನ ಸುರುಳಿ ಎಲುಬುಗಳ ಮೇಲೆ ಸದಾ ಜಿನುಗುವ ತೇವ, ಹಾದುಹೋಗುವ ಗಾಳಿಗೆ ಆವಿಯಾಗಿ, ಮಣ್ಣಿನ ಹೂಜಿಯಂತೆ ನೆತ್ತರನ್ನು ತಂಪು ಮಾಡುತ್ತದೆ. ಒಂದು ಗ್ರಾಂ ನೀರು ಆವಿಯಾದರೆ ಸುಮಾರು 580 ಕ್ಯಾಲೊರಿ ಶಾಖ ಹೊರಟುಹೋಗುತ್ತದೆ. ಮನುಷ್ಯನಂತೆ ಮೈತುಂಬ ಬೆವರಲಾರದ ನಾಯಿಗೆ, ಅಂಗಾಲುಗಳ ಅಲ್ಪಸ್ವಲ್ಪ ಬೆವರನ್ನು ಬಿಟ್ಟರೆ, ಈ ಹೂಜಿಯೇ ಗತಿ. ಹೂಜಿಗೆ ನೀರು ಬೇಕು, ಸುತ್ತಲಿನ ಗಾಳಿ ಒಣಗಿರಬೇಕು, ನೆರಳಿರಬೇಕು. ಬಂಡಿಯ ಕೆಳಗಿನ ನಾಯಿಯ ನೆನಪು ಆಗ ಬಂದಿತು. ಬಿಸಿಲ ಬಯಲಿನಲ್ಲಿ ತನ್ನೊಡನೆ ನಡೆದು ಬರುವ ಒಂದೇ ನೆರಳನ್ನು ಅದು ಆರಿಸಿಕೊಂಡಿತ್ತು. ಅದರ ಜಾಣತನಕ್ಕೆ ನಾವು ಅಹಂಕಾರದ ಹೆಸರಿಟ್ಟೆವು.

ಹಿಮನಾಯಿಗೆ ಪ್ರಕೃತಿ ಕೊಟ್ಟುದು ಮುಧೋಳದ ನಾಯಿಯದಕ್ಕೆ ವಿರುದ್ಧವಾದ ಉಡುಗೆ. ಹೊರಗೆ ಒರಟಾದ ನೀಳ ಕೂದಲು, ಒಳಗೆ ಒತ್ತಾದ ಉಣ್ಣೆ. ಹಿಮದಲ್ಲಿ ಹೆಪ್ಪುಗಟ್ಟಬೇಕಾದ ಪಾದಗಳೊಳಗೆ ಬಿಸಿ ನೆತ್ತರು ಇಳಿಯುವ ನಾಳವೂ ತಣ್ಣನೆಯ ನೆತ್ತರು ಏರುವ ನಾಳಗಳೂ ಒಂದನ್ನೊಂದು ಅಪ್ಪಿಕೊಂಡಿದ್ದು, ಇಳಿಯುವುದು ಏರುವುದಕ್ಕೆ ತನ್ನ ಬಿಸಿಯನ್ನು ಹಂಚುತ್ತದೆಂದು ಜಪಾನಿನ ಸಂಶೋಧಕರು 2011ರಲ್ಲಿ ನಾಯಿಯ ಪಾದಗಳನ್ನು ಪರೀಕ್ಷಿಸಿ ಕಂಡರು. ಶೂನ್ಯಕ್ಕಿಂತ ಹತ್ತಿಪ್ಪತ್ತು ಡಿಗ್ರಿ ಕೆಳಗಿನ ಚಳಿಯೇ ಇದಕ್ಕೆ ಓಟದ ಹಿತವಾದ ಹವೆ. ಬಿಸಿಲೇರಿದ ದಿನಗಳಲ್ಲಿ ಅಲ್ಲಿಯ ಸಾರಥಿಗಳು ಹಗಲು ಮಲಗಿ ಇರುಳು ಓಡಿಸುತ್ತಾರೆ.

ಇಷ್ಟನ್ನು ವಿಸ್ತಾರವಾಗಿ ಬರೆಯಲು ಕಾರಣವುಂಟು. ಮುಧೋಳದಿಂದ ಮರಳಿದ ವಾರದಲ್ಲಿ, ಹಿಂದೂಪುರದ ನಮ್ಮ ಬೀದಿಯ ಮನೆಯೊಂದರಲ್ಲಿ, ತಗಡಿನ ಚಪ್ಪರದ ಕೆಳಗೆ ಸರಪಳಿಯಿಂದ ಕಟ್ಟಿದ್ದ, ನೀಲಿಗಣ್ಣಿನ ಹಸ್ಕಿ ನಾಯಿಯೊಂದನ್ನು ಕಂಡೆನು. ಸಾಕಿದವರ ಪ್ರೀತಿಯಲ್ಲಿ ಕೊರತೆಯಿರಲಿಲ್ಲ. ಸೆಕೆಯಾಗುತ್ತದೆಂಬ ಮರುಕದಿಂದಲೇ ಕ್ಷೌರಿಕನನ್ನು ಕರೆಸಿ ಅದರ ಕೂದಲನ್ನು ಬೋಳಿಸುವುದೆಂದು ಅವರು ನಿಶ್ಚಯಿಸಿದ್ದರು. ನಾನು ತಡೆದೆನು. ನಮ್ಮ ಕುರುಬರು ಉರಿಬಿಸಿಲಿನಲ್ಲಿಯೂ ಕಂಬಳಿ ಹೊದೆಯುವುದೇಕೆಂದು ಕೇಳಿದೆನು. ಹೊರಗಿನ ಬಿಸಿಯನ್ನು ತಡೆಯುವುದೂ ಉಣ್ಣೆಯ ಗುಣವೇ. ಉದುರಿದ ಒಳಗೂದಲನ್ನು ಬಾಚಿ ತೆಗೆಯಿರಿ, ತಗಡಿನ ಕೆಳಗಿಂದ ಬೇವಿನ ಕೆಳಗೆ ಕಟ್ಟಿರಿ, ನೆಲಕ್ಕೆ ನೀರು ಹೊಯ್ದು ಒದ್ದೆ ಗೋಣಿ ಹಾಸಿರಿ, ಸೂರ್ಯ ಹುಟ್ಟುವ ಮುನ್ನ ತಿರುಗಾಡಿಸಿರಿ ಎಂದೆನು. ಹಾಗೆಯೇ ಮಾಡಿದರು. ಆ ತಂಪಿನ ಗೋಣಿಯ ಮೇಲೆ ಅದು ಹೊಟ್ಟೆಯನ್ನು ಅಂಟಿಸಿ, ಹಿಂಗಾಲುಗಳನ್ನು ಹಿಂದಕ್ಕೆ ಚಾಚಿ ಮಲಗಿದುದನ್ನು ಕಂಡ ಮೇಲೆ ನನ್ನ ಮನಸ್ಸಿಗೆ ಸಮಾಧಾನವಾಯಿತು. ಇಂತಹ ಮರಿಗಳನ್ನು ನಮ್ಮ ಸೀಮೆಗೆ ತರಲೇಬಾರದೆಂಬುದು ನನ್ನ ದೃಢವಾದ ಅಭಿಪ್ರಾಯ; ಆದರೆ ಬಂದುಬಿಟ್ಟ ಜೀವವನ್ನು ಏನು ಮಾಡುವುದು?

ಮರುದಿನ ಐದು ಗಂಟೆಗೆ, ಇನ್ನೂ ನಕ್ಷತ್ರಗಳಿದ್ದಾಗ, ಆ ಮನೆಯ ಹುಡುಗನೊಡನೆ ನಾನೂ ಲೇಪಾಕ್ಷಿಯ ರಸ್ತೆಯಲ್ಲಿ ಹೊರಟೆನು. ನಾಯಿಗೆ ಎದೆಯ ಪಟ್ಟಿ ತೊಡಿಸಿದ್ದರು. ತಣ್ಣನೆಯ ಗಾಳಿ ಮುಖಕ್ಕೆ ತಾಗಿದುದೇ ತಡ, ಅದು ತಲೆಯನ್ನು ತಗ್ಗಿಸಿ, ಎದೆಯನ್ನು ಪಟ್ಟಿಗೆ ಒತ್ತಿ, ಬೆನ್ನನ್ನು ಬಿಗಿಹಿಡಿದು ಎಳೆಯತೊಡಗಿತು. ಯಾರೂ ಕಲಿಸಿರಲಿಲ್ಲ. ಹುಡುಗ ಎರಡು ಕೈಯಿಂದಲೂ ಹಗ್ಗ ಹಿಡಿದು, ಹಿಂದಕ್ಕೆ ವಾಲಿ, ಹಿಮ್ಮಡಿಯೂರಿಕೊಂಡು ಓಡುತ್ತ, "ತಾತ, ನಾನು ಇದನ್ನ ಕರ್ಕೊಂಡು ಹೋಗ್ತಿಲ್ಲ, ಇದೇ ನನ್ನ ಎಳ್ಕೊಂಡು ಹೋಗ್ತೈತೆ!" ಎಂದು ಕೂಗಿದನು.