ಸ್ಥಿರ ಸ್ವತ್ತು ಮತ್ತು ಅದರ ಸವಕಳಿ

ಸ್ಥಿರಾಸ್ತಿಯೆಂದೊಡನೆ ಹೊಲ, ಮನೆ, ತೋಟಗಳೂ, ಚರಾಸ್ತಿಯೆಂದೊಡನೆ ಒಡವೆ, ಪಾತ್ರೆ, ದನಕರುಗಳೂ ನಮ್ಮ ಮನಸ್ಸಿಗೆ ಬರುತ್ತವೆ. ಇದು ನ್ಯಾಯಾಲಯದ ಭಾಷೆ. ಇದ್ದೆಡೆಯಿಂದ ಕದಲಿಸಲಾಗದ್ದು ಸ್ಥಿರ, ಕದಲಿಸಬಹುದಾದದ್ದು ಚರ ಎಂಬುದೇ ಅಲ್ಲಿನ ವಿಭಾಗ. ಲೆಕ್ಕಶಾಸ್ತ್ರದವರು ಇದೇ ಮಾತನ್ನು ಬಳಸಿದರೂ ಅವರ ಅಭಿಪ್ರಾಯ ಬೇರೆ. ವಸ್ತುವು ಕದಲುವುದೋ ಇಲ್ಲವೋ ಎಂದು ಅವರು ಕೇಳುವುದಿಲ್ಲ. ಅದನ್ನು ಯಾವ ಉದ್ದೇಶದಿಂದ ಇರಿಸಿಕೊಂಡಿದೆ ಎಂದು ಕೇಳುತ್ತಾರೆ. ಮೂಡಬಿದಿರೆಗೂ ಮಂಗಳೂರಿಗೂ ನಡುವೆ ದಿನಕ್ಕೆ ಹಲವು ಸಲ ಓಡಾಡುವ ಬಸ್ಸು ಕಾನೂನಿನ ಕಣ್ಣಿಗೆ ಚರವಸ್ತು. ಬಸ್ಸಿನ ಮಾಲಿಕನ ಲೆಕ್ಕದಲ್ಲಾದರೋ ಅದು ಸ್ಥಿರ ಸ್ವತ್ತು; ಏಕೆಂದರೆ ಅವನು ಅದನ್ನು ಮಾರುವುದಕ್ಕಾಗಿ ಕೊಂಡಿಲ್ಲ, ವರ್ಷಗಟ್ಟಲೆ ದುಡಿಸುವುದಕ್ಕಾಗಿ ಕೊಂಡಿದ್ದಾನೆ. ಹಾಗೆಯೇ, ನಿವೇಶನಗಳನ್ನು ಕೊಂಡು ಮಾರುವುದನ್ನೇ ಕಸುಬಾಗಿ ಮಾಡಿಕೊಂಡವನಿಗೆ ಭೂಮಿಯು ಸ್ಥಿರ ಸ್ವತ್ತಲ್ಲ, ಜವಳಿ ಅಂಗಡಿಯವನಿಗೆ ಸೀರೆ ಹೇಗೋ ಹಾಗೆ ಬರಿಯ ಸರಕು.

ಈ ವಿಷಯವನ್ನು ಕಾರ್ಖಾನೆಯ ಯಂತ್ರಗಳನ್ನು ಮುಂದಿಟ್ಟುಕೊಂಡು ವಿವರಿಸುವುದು ಪಠ್ಯಪುಸ್ತಕಗಳ ವಾಡಿಕೆ. ನಾವು ಅದನ್ನು ಬಿಟ್ಟು ಬಂಟವಾಳ, ಬೆಳ್ತಂಗಡಿ, ಮೂಡಬಿದಿರೆಗಳ ಕಡೆಯ ಅಡಿಕೆ ತೋಟವನ್ನು ಉದಾಹರಣೆಗೆ ತೆಗೆದುಕೊಳ್ಳುತ್ತೇವೆ. ನಗರಗಳಲ್ಲಿ ಉದ್ಯೋಗದಲ್ಲಿರುವ ಆ ಸೀಮೆಯ ವಿದ್ಯಾವಂತರಲ್ಲಿ ಊರಿನ ತೋಟದಲ್ಲಿ ಪಾಲುಳ್ಳವರು ಬಹಳ ಮಂದಿ. ತೋಟದ ಲೆಕ್ಕ ನೋಡಿದವರು ಮಾತ್ರ ಕಡಮೆ. ಕೃಷಿಯ ಆದಾಯಕ್ಕೆ ಕೇಂದ್ರ ಸರಕಾರದ ವರಮಾನ ತೆರಿಗೆಯಿಲ್ಲ. ಆದಕಾರಣ ಲೆಕ್ಕ ತೋರಿಸೆಂದು ಕೇಳುವವರೂ ಇಲ್ಲ. ಕೇಳುವವರಿಲ್ಲದ ಲೆಕ್ಕವನ್ನು ಬರೆದಿಡುವ ಅಭ್ಯಾಸ ನಮ್ಮ ಜನರಲ್ಲಿ ವಿರಳವೆಂದು ಬೇರೆ ಹೇಳಬೇಕಾಗಿಲ್ಲ.

ಅಡಿಕೆಯ ಸಸಿಯನ್ನು ನೆಟ್ಟ ಮೇಲೆ ಫಲ ಕಾಣಬೇಕಾದರೆ ಐದಾರು ವರ್ಷ ಕಾಯಬೇಕು. ಅಷ್ಟರವರೆಗೂ ಗುಂಡಿ ತೋಡಿದ ಕೂಲಿ, ಸೊಪ್ಪು, ಗೊಬ್ಬರ, ನೀರು, ಪಡುವಣ ಬಿಸಿಲಿಗೆ ಮರೆ ಎಂದು ಹಣ ಹೋಗುತ್ತಲೇ ಇರುತ್ತದೆ. ಒಂದು ಕಾಸೂ ಬರುವುದಿಲ್ಲ. ಈ ಖರ್ಚು ಯಾವ ವರ್ಷದ ನಷ್ಟ? ಯಾವ ವರ್ಷದ್ದೂ ಅಲ್ಲ. ಅದು ಒಂದು ಯಂತ್ರವನ್ನು ಕಟ್ಟಿ ನಿಲ್ಲಿಸಿದ ವೆಚ್ಚ. ಮರವು ಮುಂದೆ ನಾಲ್ವತ್ತು ವರ್ಷವೋ ಅದಕ್ಕೂ ಹೆಚ್ಚೋ ಫಸಲು ಕೊಡುವ ಯಂತ್ರ; ಅದರಿಂದ ಇಳಿದ ಕಾಯಿ ಸರಕು. ಆ ಕಾಯಿಯನ್ನು ನಾಲ್ವತ್ತು ದಿನಗಳಿಗೂ ಹೆಚ್ಚು ಕಾಲ ಅಂಗಳದಲ್ಲಿ ಒಣಗಿಸಿ, ಸುಲಿದು, ಚಾಲಿ ಮಾಡಿ, ಧಾರಣೆ ಬರಲೆಂದು ಮೂಟೆ ಕಟ್ಟಿ ಇರಿಸುತ್ತಾರೆ. ಮೂಟೆಯಲ್ಲಿ ಎಷ್ಟು ಕಾಲ ಕುಳಿತರೂ ಅದು ಸ್ಥಿರ ಸ್ವತ್ತಾಗುವುದಿಲ್ಲ, ಮಾರುವುದಕ್ಕೆಂದೇ ಇಟ್ಟದ್ದು. ಲೆಕ್ಕಶಾಸ್ತ್ರಜ್ಞರೇ ಈ ಭೇದವನ್ನು ನೆಟ್ಟಗೆ ಒಪ್ಪಿಕೊಂಡದ್ದು ತೀರ ಈಚೆಗೆ. ಅಂತರರಾಷ್ಟ್ರೀಯ ಲೆಕ್ಕಪದ್ಧತಿಯ ಮಂಡಲಿಯವರು ಮೊದಲು ಮರವನ್ನೂ ಕಾಯಿಯನ್ನೂ ಒಂದೇ ನಿಯಮಕ್ಕೆ ಒಳಪಡಿಸಿ, ವರ್ಷವರ್ಷವೂ ಪೇಟೆಯ ಬೆಲೆಯಲ್ಲಿ ಎಣಿಸಬೇಕೆಂದಿದ್ದರು. ೨೦೧೪ರಲ್ಲಿ ಅದನ್ನು ತಿದ್ದಿ, ಫಸಲಿಗಾಗಿಯೇ ಬೆಳೆಸುವ ಮರಗಳನ್ನು ಕಟ್ಟಡ, ಯಂತ್ರಗಳ ಸಾಲಿಗೆ ಸೇರಿಸಿದರು. ನಮ್ಮ ದೇಶದ ದೊಡ್ಡ ಕಂಪೆನಿಗಳಿಗೂ ಈಗ ಅದೇ ನಿಯಮ.

ಇನ್ನು, ಯಾವ ಖರ್ಚು ಬಂಡವಾಳದ್ದು, ಯಾವುದು ಆ ವರ್ಷದ್ದು ಎಂಬ ಪ್ರಶ್ನೆ. ಇದನ್ನು ತಿಳಿಯುವುದಕ್ಕೆ ಆ ಸೀಮೆಯ ತೋಡುಗಳಿಗಿಂತ ಒಳ್ಳೆಯ ಪಾಠಶಾಲೆ ಬೇಕಿಲ್ಲ. ಮಳೆ ನಿಂತ ಮೇಲೆ ಕಲ್ಲು, ಮಣ್ಣು, ಸೊಪ್ಪುಗಳಿಂದ ತೋಡಿಗೆ ಅಡ್ಡಲಾಗಿ ಕಟ್ಟ ಕಟ್ಟುವುದು ಹಿಂದಿನಿಂದ ಬಂದ ಪದ್ಧತಿ. ಬೇಸಗೆ ಕಳೆಯುವವರೆಗೆ ಅದು ತೋಟಕ್ಕೆ ನೀರು ಕೊಟ್ಟು, ಮುಂದಿನ ಮಳೆಗಾಲದ ಮೊದಲ ಪ್ರವಾಹಕ್ಕೆ ಕೊಚ್ಚಿಹೋಗುತ್ತದೆ. ಇದರ ಕೂಲಿಯು ಆ ವರ್ಷದ ಫಸಲಿನಿಂದಲೇ ಕಳೆಯತಕ್ಕದ್ದು. ಅದೇ ಸ್ಥಳದಲ್ಲಿ ಕಾಂಕ್ರೀಟಿನ ಕಿಂಡಿ ಅಣೆಕಟ್ಟನ್ನು ಕಟ್ಟಿಸಿದರೆ, ನೀರನ್ನು ನಿಲ್ಲಿಸುವ ಕೆಲಸ ಒಂದೇ ಆದರೂ, ಅದು ಹತ್ತಾರು ವರ್ಷ ನಿಲ್ಲುವುದರಿಂದ ವೆಚ್ಚವು ಬಂಡವಾಳದ ಖಾತೆಗೆ ಹೋಗುತ್ತದೆ. ಕೊಳೆರೋಗಕ್ಕೆ ಸಿಂಪಡಿಸುವ ಮೈಲುತುತ್ತ, ಸುಣ್ಣಗಳು ವರ್ಷದ ಖರ್ಚು. ನೀರೆತ್ತುವ ಪಂಪು ಬಂಡವಾಳ. ಸುಟ್ಟುಹೋದ ಪಂಪಿಗೆ ತಂತಿ ಸುತ್ತಿಸಿದ್ದು ಮತ್ತೆ ವರ್ಷದ ಖರ್ಚು. ಬಂಡವಾಳದ ವೆಚ್ಚವನ್ನು ಒಂದೇ ವರ್ಷಕ್ಕೆ ಹೇರಿದರೆ ಆ ವರ್ಷ ಇಲ್ಲದ ನಷ್ಟವೂ, ಮುಂದಿನ ವರ್ಷಗಳಲ್ಲಿ ಇಲ್ಲದ ಲಾಭವೂ ಕಾಣುತ್ತವೆ. ಇವೆರಡರಲ್ಲಿ ಎರಡನೆಯದೇ ಹೆಚ್ಚು ಅಪಾಯಕರ; ಇಲ್ಲದ ನಷ್ಟವನ್ನು ಕಂಡವನು ಕೈ ಬಿಗಿಹಿಡಿಯುತ್ತಾನೆ, ಇಲ್ಲದ ಲಾಭವನ್ನು ಕಂಡವನು ಉಪ್ಪರಿಗೆ ಕಟ್ಟಿಸುತ್ತಾನೆ.

ಮರವು ಪ್ರತಿ ಫಸಲಿನಲ್ಲಿಯೂ ತನ್ನ ಆಯುಸ್ಸಿನ ಒಂದಂಶವನ್ನು ಕೊಟ್ಟುಬಿಡುತ್ತದೆ. ಹೀಗೆ ಕಳೆಯುವ ಮೌಲ್ಯಕ್ಕೆ ಸವಕಳಿಯೆಂದು ಹೆಸರು. ಎಣಿಕೆಗೆ ಸುಲಭವಾಗಲೆಂದು ಕೆಲವು ಅಂಕೆಗಳನ್ನು ಕಲ್ಪಿಸಿಕೊಳ್ಳೋಣ. ಐನೂರು ಮರಗಳ ತೋಟವನ್ನು ಫಲಕ್ಕೆ ತರುವವರೆಗೆ, ನೆಲದ ಕ್ರಯವಲ್ಲದೆ, ಐದು ಲಕ್ಷ ರೂಪಾಯಿ ತಗಲಿತೆಂದೂ, ಅದು ನಾಲ್ವತ್ತು ವರ್ಷ ಫಲ ಕೊಡುವುದೆಂದೂ ಇಟ್ಟುಕೊಂಡರೆ ವರ್ಷದ ಸವಕಳಿ ೧೨,೫೦೦ ರೂಪಾಯಿ. ನೆಲವನ್ನು ಈ ಲೆಕ್ಕಕ್ಕೆ ಸೇರಿಸಲಿಲ್ಲ. ಏತಕ್ಕೆಂದರೆ ನೆಲವು ಸವೆಯುವುದಿಲ್ಲ. ಈ ೧೨,೫೦೦ ರೂಪಾಯಿಯನ್ನು ಯಾರಿಗೂ ಕೊಡಬೇಕಾಗಿಲ್ಲ, ಆ ದಿನ ಪೆಟ್ಟಿಗೆಯಿಂದ ಒಂದು ಕಾಸೂ ಹೊರಗೆ ಹೋಗುವುದಿಲ್ಲ. ಆದರೂ ಅದು ಖರ್ಚೇ. ರೋಕಡ ಪುಸ್ತಕವೊಂದನ್ನೇ ನೋಡುವವರ ಕಣ್ಣಿಗೆ ಈ ಖರ್ಚು ಬೀಳುವುದೇ ಇಲ್ಲ. ಇಟಲಿಯ ಲೂಕಾ ಪಾಚಿಯೋಲಿ ಎಂಬ ಸಂನ್ಯಾಸಿಯು ೧೪೯೪ರಲ್ಲಿ ವೆನಿಸ್ಸಿನಲ್ಲಿ ಅಚ್ಚು ಹಾಕಿಸಿದ ಗಣಿತಗ್ರಂಥದಲ್ಲಿ ವಿವರಿಸಿದ ಜೋಡಿ ನಮೂದಿನ ಪದ್ಧತಿ, ಎಂದರೆ ಪ್ರತಿಯೊಂದು ವ್ಯವಹಾರವನ್ನೂ ಎರಡು ಖಾತೆಗಳಲ್ಲಿ ಬರೆಯುವುದು, ಇಂಥ ಸಂದರ್ಭಕ್ಕೆ ಒದಗುತ್ತದೆ: ಸವಕಳಿಯ ಖಾತೆಗೆ ಖರ್ಚು ಬರೆದು, ತೋಟದ ಖಾತೆಯಿಂದ ಅಷ್ಟನ್ನೇ ಇಳಿಸತಕ್ಕದ್ದು.

ಸ್ವತ್ತಿನ ಮೌಲ್ಯ ಇಳಿಯುವುದಕ್ಕೆ ಸವೆತವೊಂದೇ ಕಾರಣವಲ್ಲ. ಬಾಸೆಲ್ ಮಿಶನ್ನಿನವರು ೧೮೬೫ರಲ್ಲಿ ಮಂಗಳೂರಿನಲ್ಲಿ ಆರಂಭಿಸಿದ ಹಂಚಿನ ಕಾರ್ಖಾನೆಯನ್ನು ಅನುಸರಿಸಿ ನೇತ್ರಾವತಿಯ ದಡದಲ್ಲಿ ಅನೇಕ ಕಾರ್ಖಾನೆಗಳು ಎದ್ದವು. ಕಾಂಕ್ರೀಟಿನ ತಾರಸಿ ಬಂದ ಮೇಲೆ ಅವುಗಳಲ್ಲಿ ಬಹುಪಾಲು ಮುಚ್ಚಿದವು. ಹಂಚು ಒತ್ತುವ ಯಂತ್ರ ಸುಸ್ಥಿತಿಯಲ್ಲಿಯೇ ಇದ್ದರೂ ಅದಕ್ಕೆ ಗುಜರಿಯ ಬೆಲೆ ಮಾತ್ರ. ಬಂಟವಾಳದ ಹಳೆಯ ಪೇಟೆಯ ಕಥೆಯೂ ಇಂಥದೇ. ಘಟ್ಟದ ಮೇಲಿನ ಕಾಫಿ ಮುಂತಾದ ಸರಕುಗಳು ಮಂಗಳೂರಿನ ಬಂದರಿಗೆ ಇಳಿಯುವ ದಾರಿಯಲ್ಲಿ ಅದೊಂದು ದೊಡ್ಡ ತಂಗುದಾಣವಾಗಿದ್ದಿತು. ಹೊಳೆಯ ಬದಿಯಲ್ಲಿರುವುದೇ ಅಲ್ಲಿನ ಉಗ್ರಾಣಗಳಿಗೆ ಬೆಲೆಯಾಗಿತ್ತು. ಹೊಳೆಯ ಬದಿಯೆಂಬ ಆ ಗುಣವೇ ೧೯೨೩ರ ಮತ್ತು ೧೯೭೪ರ ಮಹಾ ಪ್ರವಾಹಗಳಲ್ಲಿ ದೋಷವಾಯಿತು. ವ್ಯಾಪಾರವು ಹೆದ್ದಾರಿಯ ಮೇಲಿನ ಬಿ. ಸಿ. ರೋಡಿಗೆ ಸರಿಯಿತು. ನೆಲ ಸವೆಯುವುದಿಲ್ಲವೆಂದೆವು, ಆದರೆ ದಾರಿ ಬದಲಾದರೆ ಅದರ ಬೆಲೆಯೂ ಬದಲಾಗುತ್ತದೆಂಬುದನ್ನು ಸೇರಿಸಿ ಹೇಳಬೇಕು.

ಇಷ್ಟೆಲ್ಲ ಸೂಕ್ಷ್ಮ ನಮಗೇಕೆ ಎನ್ನುವವರು ಮನೆಯ ಪಾಲಿನ ಪ್ರಸಂಗವನ್ನು ಯೋಚಿಸಬೇಕು. ತುಳುನಾಡಿನ ಅಳಿಯಸಂತಾನದ ಕುಟುಂಬಗಳಲ್ಲಿ ಒಬ್ಬ ಸದಸ್ಯನು ಹಟ ಹಿಡಿದು ಪಾಲು ಕೇಳುವ ಹಕ್ಕು ಬಹುಕಾಲ ಇರಲಿಲ್ಲ. ೧೯೪೯ರ ಮದರಾಸು ಅಳಿಯಸಂತಾನ ಕಾಯಿದೆಯು ಕವರುಗಳಿಗೆ ಆ ಹಕ್ಕನ್ನು ಕೊಟ್ಟಿತು. ಮಕ್ಕಳ ಸಂತಾನದ ಮನೆಗಳಲ್ಲಿ ಪಾಲು ಮೊದಲಿನಿಂದಲೂ ಉಂಟು. ಎಲ್ಲೆಡೆಯಲ್ಲಿಯೂ ಪಂಚಾಯತಿಗೆ ಕುಳಿತವರು ಎಕ್ರೆಯನ್ನೋ ಮರದ ಸಂಖ್ಯೆಯನ್ನೋ ಎಣಿಸಿ ಸಮಪಾಲು ಮಾಡಿದೆವೆಂದು ಏಳುವುದು ಸಾಮಾನ್ಯ. ಅಣ್ಣನಿಗೆ ಐನೂರು ಮರ, ತಮ್ಮನಿಗೆ ಐನೂರು ಮರ. ಅಣ್ಣನ ತೋಟ ಮೂವತ್ತೆರಡು ಫಸಲು ಕೊಟ್ಟದ್ದು, ತಮ್ಮನದು ಐದು ಫಸಲು ಕೊಟ್ಟದ್ದು. ತೋಟವೆಬ್ಬಿಸಲು ಈಗ ತಗಲುವ ವೆಚ್ಚ ಮೇಲೆ ಹೇಳಿದ ಐದು ಲಕ್ಷವೇ ಎಂದಿಟ್ಟುಕೊಂಡರೆ, ಅಣ್ಣನ ಮರಗಳಲ್ಲಿ ಎಂಟು ವರ್ಷದ ಆಯುಸ್ಸು, ಎಂದರೆ ಒಂದು ಲಕ್ಷ ರೂಪಾಯಿಯ ಮೌಲ್ಯ ಉಳಿದಿದೆ. ತಮ್ಮನ ಮರಗಳಲ್ಲಿ ಮೂವತ್ತೈದು ವರ್ಷ, ಎಂದರೆ ೪,೩೭,೫೦೦ ರೂಪಾಯಿ. ಈ ವರ್ಷದ ಧಾರಣೆಯಲ್ಲಿ ಇಬ್ಬರಿಗೂ ಬರುವ ಹಣ ಹೆಚ್ಚುಕಡಮೆ ಒಂದೇ ಇರಬಹುದು. ಆದ್ದರಿಂದಲೇ ಮೋಸ ಯಾರಿಗೂ ಕಾಣುವುದಿಲ್ಲ, ಮಾಡಿದವರಿಗೂ ಕಾಣುವುದಿಲ್ಲ. ನ್ಯಾಯವಾಗಿ ತಮ್ಮನು ಅಣ್ಣನಿಗೆ ೧,೬೮,೭೫೦ ರೂಪಾಯಿ ಕೊಟ್ಟರೆ ಪಾಲು ಸಮವಾಗುತ್ತದೆ. ಎಂಟು ವರ್ಷಗಳ ತರುವಾಯ ಅಣ್ಣನ ಮಕ್ಕಳು ಚಿಕ್ಕಪ್ಪನ ಮನೆಯ ಮೆಟ್ಟಿಲು ಹತ್ತದಿರುವುದಕ್ಕೆ ಕಾರಣವನ್ನು ಜನರು ಹೆಂಗಸರ ಮಾತಿನಲ್ಲಿ ಹುಡುಕುತ್ತಾರೆ. ಬರೆಯದೆ ಬಿಟ್ಟ ಸವಕಳಿಯಲ್ಲಿ ಹುಡುಕಿದರೆ ಸಿಕ್ಕೀತು.

ಹಣ ಹೂಡುವವರು ನೋಡಬೇಕಾದ ಲೆಕ್ಕವೂ ಇಲ್ಲಿಂದಲೇ ಹೊರಡುತ್ತದೆ. ಕೋಟಿ ರೂಪಾಯಿ ಬಾಳುವ ತೋಟವು ಖರ್ಚು, ಸವಕಳಿ ಎಲ್ಲ ಕಳೆದು ಮೂರು ಲಕ್ಷ ಉಳಿಸಿದರೆ ಪ್ರತಿಫಲ ನೂರಕ್ಕೆ ಮೂರು. ಬ್ಯಾಂಕಿನ ಬಡ್ಡಿಯೊಡನೆ ಹೋಲಿಸಬೇಕಾದದ್ದು ಈ ಅಂಕೆಯನ್ನೇ ಹೊರತು, ಅಡಿಕೆ ಮಾರಿ ಬಂದ ಒಟ್ಟು ಹಣವನ್ನಲ್ಲ. ನೆಲದ ಬೆಲೆ ಏರುತ್ತಿದೆಯಲ್ಲ ಎಂದರೆ, ಮಾರುವವರೆಗೆ ಆ ಏರಿಕೆ ಆದಾಯವಲ್ಲ. ಮಾರಿದ ಮೇಲೆ ತೋಟವಿಲ್ಲ. ಚಿನ್ನದ ಬೆಲೆಯೂ ಏರೀತು, ಆದರೆ ಪೆಟ್ಟಿಗೆಯಲ್ಲಿರುವ ಚಿನ್ನ ಫಸಲು ಕೊಡುವುದಿಲ್ಲ.

ಸವಕಳಿಯೆಂದು ಪುಸ್ತಕದಲ್ಲಿ ಬರೆದ ಮಾತ್ರಕ್ಕೆ ಪೆಟ್ಟಿಗೆಯಲ್ಲಿ ಹಣ ಕೂಡುವುದಿಲ್ಲವೆಂಬುದನ್ನೂ ಮರೆಯಲಾಗದು. ಬರೆದಷ್ಟನ್ನು ಬೇರೆಯಾಗಿ ತೆಗೆದಿಡಬೇಕು, ಬೇಕಾದಾಗ ಕೈಗೆ ಬರುವಂತೆಯೂ ಇಡಬೇಕು. ಇಂಥ ಉಳಿತಾಯಕ್ಕೆ ಮಾರ್ಗ ತೋರಿಸಿದವರು ಆ ಜಿಲ್ಲೆಯವರೇ. ಉಡುಪಿಯಲ್ಲಿ ೧೯೨೫ರಲ್ಲಿ ಹುಟ್ಟಿ, ಮುಂದೆ ಸಿಂಡಿಕೇಟ್ ಬ್ಯಾಂಕ್ ಎಂದು ಹೆಸರಾಗಿ, ೨೦೨೦ರಲ್ಲಿ ಕೆನರಾ ಬ್ಯಾಂಕಿನಲ್ಲಿ ವಿಲೀನವಾದ ಸಂಸ್ಥೆಯು ೧೯೨೮ರಲ್ಲಿಯೇ ಪಿಗ್ಮಿ ಠೇವಣಿಯನ್ನು ಆರಂಭಿಸಿ, ಮನೆಬಾಗಿಲಿಗೆ ಹೋಗಿ ದಿನಕ್ಕೆ ಎರಡಾಣೆಯಂತೆ ಕೂಡಿಹಾಕುತ್ತಿತ್ತು. ಕೂಲಿಯೂ ಗೊಬ್ಬರವೂ ದುಬಾರಿಯಾಗುತ್ತ ಹೋಗುವುದರಿಂದ ಹಳೆಯ ವೆಚ್ಚದ ಮೇಲೆ ಎಣಿಸಿದ ಸವಕಳಿಯು ಹೊಸ ತೋಟಕ್ಕೆ ಸಾಲದೆ ಬರುತ್ತದೆ. ಐದು ಹತ್ತು ವರ್ಷಕ್ಕೊಮ್ಮೆ ಅಂಕೆಯನ್ನು ತಿದ್ದಿಕೊಳ್ಳಬೇಕು.

ಲೆಕ್ಕ ಬರೆಯದ ಹಿರಿಯರಲ್ಲಿ ಕೆಲವರು ಇದನ್ನೇ ಬೇರೊಂದು ರೀತಿಯಿಂದ ಮಾಡುತ್ತ ಬಂದಿದ್ದಾರೆ. ಮುದಿಮರಗಳ ಎಡೆಯಲ್ಲಿ ವರ್ಷಕ್ಕಿಷ್ಟು ಸಸಿಗಳನ್ನು ನೆಟ್ಟು, ಅವು ಮೇಲೆದ್ದ ಹಾಗೆ ಹಳೆಯದನ್ನು ಕಡಿಯುತ್ತಾರೆ. ಅವರ ತೋಟಕ್ಕೆ ಒಮ್ಮೆಗೇ ವಯಸ್ಸಾಗುವುದಿಲ್ಲ. ಅಂಥ ಸಸಿಗಳ ವೆಚ್ಚವನ್ನು ಅವರ ಮಕ್ಕಳು ಪುಸ್ತಕ ತೆರೆದು ಬರೆಯುವುದಾದರೆ, ಅದನ್ನು ವರ್ಷದ ಖರ್ಚಿನಲ್ಲಿ ಸೇರಿಸದೆ ತೋಟದ ಬಂಡವಾಳದ ಖಾತೆಯಲ್ಲಿಯೇ, ನೆಟ್ಟ ವರ್ಷದ ಸಮೇತ ಕಾಣಿಸತಕ್ಕದ್ದು.